ಚದುರಿದ್ದನ್ನು ಕೂಡಿಸಿದ ಕಾಯಕ: ಗಾಂಧೀಜಿಯವರ ಸಾಕ್ಷ್ಯಚಿತ್ರ ನಿರ್ಮಿಸಿದ ಎ. ಕೆ. ಚೆಟ್ಟಿಯಾರ್

ನಮ್ಮ ಮನೆಗಳ ಪಡಸಾಲೆಯಲ್ಲಿ ಲಿಂಗೈಕ್ಯರಾದ ಹಿರಿಯರ ಭಾವಚಿತ್ರಗಳು ಇದ್ದೇ ಇರುತ್ತವೆ. ಹಣೆಯ ಮೇಲೆ ವಿಭೂತಿ, ತಲೆಗೆ ರುಮಾಲು, ಮುಖದಲ್ಲಿ ಗಾಂಭೀರ್ಯ. ಹಬ್ಬದ ದಿನ ನಾವು ಆ ಚಿತ್ರಕ್ಕೆ ಹೂಮಾಲೆ ಹಾಕಿ ನಮಸ್ಕರಿಸುತ್ತೇವೆ. ಆದರೆ ಮನೆಯ ಚಿಕ್ಕ ಮಗುವೊಂದು, ‘ಅಜ್ಜ ಹೇಗೆ ನಡೆಯುತ್ತಿದ್ದರು? ನಗುವಾಗ ಹೇಗೆ ಕಾಣುತ್ತಿದ್ದರು?’ ಎಂದು ಕೇಳಿದರೆ ಆ ಚಿತ್ರಪಟ ಉತ್ತರ ಹೇಳದು. ರೂಪ ಉಳಿಯಿತು, ನಡೆ ಉಳಿಯಲಿಲ್ಲ.

ಮಹಾತ್ಮಾ ಗಾಂಧೀಜಿಯವರ ವಿಷಯದಲ್ಲಿ ಮಾತ್ರ ನಾವು ಭಾಗ್ಯವಂತರು. ಅವರನ್ನು ಕಣ್ಣಾರೆ ಕಾಣದ ನಮ್ಮ ಮೊಮ್ಮಕ್ಕಳೂ ಅವರ ಬಿರುಸಿನ ನಡಿಗೆಯನ್ನು ಬಲ್ಲರು; ಅವರು ಕೈಜೋಡಿಸುವ ರೀತಿಯನ್ನು, ಹಲ್ಲಿಲ್ಲದ ಬಾಯಿಯ ಆ ನಿಷ್ಕಲ್ಮಷ ನಗೆಯನ್ನು ಬಲ್ಲರು. ಇದು ತಾನಾಗಿ ಒದಗಿದ ಭಾಗ್ಯವಲ್ಲ. ಎಲ್ಲೆಲ್ಲೋ ನಿಂತು ಕ್ಯಾಮೆರಾ ತಿರುಗಿಸಿದ ಅನೇಕ ಛಾಯಾಗ್ರಾಹಕರ ದುಡಿಮೆ ಇದರ ಹಿಂದೆ ಇದೆ. ಅವರು ತೆಗೆದ ತುಣುಕುಗಳು ಲೋಕದ ನಾಲ್ಕು ಮೂಲೆಗಳಲ್ಲಿ ಚದುರಿ ಬಿದ್ದಿದ್ದಾಗ, ಅವನ್ನೆಲ್ಲ ಅರಸಿ ತಂದು ಒಂದು ದಾರಕ್ಕೆ ಪೋಣಿಸಬೇಕೆಂದು ಮೊದಲು ಹೊರಟವರು ತಮಿಳುನಾಡಿನ ಎ. ಕೆ. ಚೆಟ್ಟಿಯಾರ್ ಎಂಬ ತರುಣ. ಅವರ ಹೆಸರು ನಮ್ಮಲ್ಲಿ ಅಷ್ಟಾಗಿ ಪರಿಚಿತವಲ್ಲ. ಆದರೆ ಅವರ ಬದುಕು ಕಾಯಕನಿಷ್ಠೆಗೆ ಒಂದು ಉಜ್ವಲ ನಿದರ್ಶನವಾದುದರಿಂದ ಅದನ್ನು ನಮ್ಮ ಓದುಗ ಬಂಧುಗಳ ಮುಂದೆ ಇರಿಸುತ್ತಿದ್ದೇವೆ.

ಕಡಲ ಮೇಲಿನ ಸಂಕಲ್ಪ

ಚೆಟ್ಟಿಯಾರರು ಹುಟ್ಟಿದ್ದು 1911ರಲ್ಲಿ, ಚೆಟ್ಟಿನಾಡಿನ ಕಾರೈಕುಡಿಯ ಸಮೀಪದ ಕೋಟ್ಟೈಯೂರಿನಲ್ಲಿ. ಅವರದು ವ್ಯಾಪಾರಕ್ಕೆ ಹೆಸರಾದ ನಗರತ್ತಾರ್ ಸಮಾಜ. ಶಿವಭಕ್ತಿಗೂ ದೇವಾಲಯಗಳ ಜೀರ್ಣೋದ್ಧಾರಕ್ಕೂ ಹೆಸರಾದ ಆ ಸಮಾಜದವರು ಅಂದಿನ ದಿನಗಳಲ್ಲಿ ಬರ್ಮಾ, ಮಲಯ, ಸಿಲೋನ್‌ಗಳವರೆಗೆ ಲೇವಾದೇವಿ ನಡೆಸುತ್ತಿದ್ದರು. ಆ ಮನೆತನಗಳ ಹುಡುಗನೊಬ್ಬ ದೊಡ್ಡವನಾದರೆ ಪೆಟ್ಟಿಗೆಯ ಮುಂದೆ ಕುಳಿತು ಲೆಕ್ಕ ಬರೆಯುವುದು ಸಹಜವಾದ ದಾರಿಯಾಗಿತ್ತು. ಈ ತರುಣ ಹಿಡಿದದ್ದು ಬೇರೆ ದಾರಿ. ಅವರು ರಂಗೂನಿಗೆ ಹೋಗಿ ‘ಧನವಣಿಗನ್’ ಎಂಬ ತಮ್ಮ ಸಮಾಜದ ಪತ್ರಿಕೆಯ ಸಂಪಾದಕರಾದರು. ಈ ಪತ್ರಿಕೆಯಂತಹುದೇ ಒಂದು ಸಮಾಜ ಪತ್ರಿಕೆಯಲ್ಲಿ ಅವರ ಸಾರ್ವಜನಿಕ ಬದುಕು ಮೊದಲಾಯಿತೆಂಬುದು ನಮಗೆ ಸಂತೋಷದ ಸಂಗತಿ.

ಛಾಯಾಗ್ರಹಣದ ಸೆಳೆತ ಅವರನ್ನು ಅಲ್ಲಿ ನಿಲ್ಲಗೊಡಲಿಲ್ಲ. ಜಪಾನಿಗೆ ತೆರಳಿ ಟೋಕಿಯೋ ನಗರದಲ್ಲಿ ಆ ವಿದ್ಯೆಯನ್ನು ಶಾಸ್ತ್ರೀಯವಾಗಿ ಕಲಿತರು. ಅಲ್ಲಿಂದ ಅಮೆರಿಕಕ್ಕೆ ಹೋಗಿ ನ್ಯೂಯಾರ್ಕಿನಲ್ಲಿ ಅಭ್ಯಾಸ ಮುಂದುವರಿಸಿದರು. ಶಿಕ್ಷಣ ಮುಗಿಸಿ ನ್ಯೂಯಾರ್ಕಿನಿಂದ ಐರ್ಲೆಂಡಿನ ಡಬ್ಲಿನ್‌ಗೆ ಹಡಗಿನಲ್ಲಿ ಹೊರಟಿದ್ದಾಗ, 1937ರ ಅಕ್ಟೋಬರ್ 2ರಂದು, ಗಾಂಧೀಜಿಯವರ ಜನ್ಮದಿನದಂದೇ ಅವರ ಮನಸ್ಸಿನಲ್ಲಿ ಒಂದು ಸಂಕಲ್ಪ ಮೂಡಿತು: ಮಹಾತ್ಮರ ಜೀವನವನ್ನು ಕುರಿತು ಒಂದು ಸಾಕ್ಷ್ಯಚಿತ್ರವನ್ನು ತಾನು ಮಾಡಬೇಕು, ನಟರು ವೇಷ ಕಟ್ಟಿ ಆಡುವ ಚಿತ್ರವನ್ನಲ್ಲ, ಮಹಾತ್ಮರೇ ಕಾಣುವ ಚಿತ್ರವನ್ನು.

ಆಗ ಅವರ ವಯಸ್ಸು ಇಪ್ಪತ್ತಾರರ ಹೊಸ್ತಿಲಲ್ಲಿತ್ತು. ಅಂತಹ ಚಿತ್ರವೊಂದನ್ನು ಆವರೆಗೆ ನಮ್ಮ ದೇಶದಲ್ಲಿ ಯಾರೂ ಕೈಗೊಂಡಿರಲಿಲ್ಲ. ಆಳುವವರು ಆಂಗ್ಲರು, ಚಿತ್ರದ ನಾಯಕರು ಆ ಆಳ್ವಿಕೆಯನ್ನೇ ಅಹಿಂಸೆಯಿಂದ ಎದುರಿಸಿದವರು. ಇನ್ನೊಂದು ತೊಡಕು ಮಹಾತ್ಮರಿಂದಲೇ ಇತ್ತು. ಸಿನಿಮಾದ ಬಗ್ಗೆ ಗಾಂಧೀಜಿಯವರಿಗೆ ಒಲವಿರಲಿಲ್ಲ. 1927ರಲ್ಲಿ ಸರಕಾರ ನೇಮಿಸಿದ ಸಿನಿಮಾ ವಿಚಾರಣಾ ಸಮಿತಿಯು ಅವರ ಅಭಿಪ್ರಾಯ ಕೇಳಿದಾಗ, ತಾವು ಎಂದೂ ಸಿನಿಮಾಕ್ಕೆ ಹೋದವರಲ್ಲವೆಂದೂ ಅದರಿಂದಾಗುವ ಕೇಡು ಹೊರಗಿನವನಿಗೂ ಕಾಣುವಂತಹುದೆಂದೂ ತಿಳಿಸಿದ್ದರು. ಕ್ಯಾಮೆರಾದ ಮುಂದೆ ಭಂಗಿ ಕೊಟ್ಟು ನಿಲ್ಲುವುದೂ ಅವರಿಗೆ ಹಿಡಿಸುತ್ತಿರಲಿಲ್ಲ. ಅವರ ಬಂಧುವೇ ಆದ ಕನು ಗಾಂಧಿಯವರಿಗೆ ಸಹ ಮೂರು ಕಟ್ಟಳೆಗಳ ಮೇಲೆ ಚಿತ್ರ ತೆಗೆಯಲು ಒಪ್ಪಿಗೆ ಕೊಟ್ಟಿದ್ದರು: ಕಣ್ಣು ಕೋರೈಸುವ ದೀಪ ಬಳಸಬಾರದು, ತಾವು ಭಂಗಿ ಕೊಡುವುದಿಲ್ಲ, ಆಶ್ರಮದ ಹಣ ಇದಕ್ಕೆ ಸಿಗದು.

ಪೂಜ್ಯರಿಗೆ ಪ್ರಿಯವಲ್ಲದ ಸಾಧನದಿಂದ ಪೂಜ್ಯರ ಸೇವೆ ಮಾಡುವುದು ಹೇಗೆ? ಚೆಟ್ಟಿಯಾರರ ಕೆಲಸದಲ್ಲಿಯೇ ಇದಕ್ಕೆ ಉತ್ತರವಿದೆ. ಇದ್ದದ್ದನ್ನು ಇದ್ದಂತೆ ತೋರಿಸುವುದೇ ಆ ಉತ್ತರ.

ಅರಸಿ ಕೂಡಿಸಿದ ತುಣುಕುಗಳು

ಇದ್ದದ್ದನ್ನು ತೋರಿಸಬೇಕಾದರೆ ಅದು ಎಲ್ಲಿದೆಯೆಂದು ತಿಳಿಯಬೇಕು. 1937ರ ವೇಳೆಗೆ ಗಾಂಧೀಜಿಯವರ ಸಾರ್ವಜನಿಕ ಬದುಕಿನ ಬಹುಪಾಲು ಆಗಿಹೋಗಿತ್ತು. ದಕ್ಷಿಣ ಆಫ್ರಿಕದ ಸತ್ಯಾಗ್ರಹ, ಅಸಹಕಾರ ಚಳವಳಿ, 1930ರ ದಂಡಿ ಯಾತ್ರೆ, 1931ರ ಲಂಡನ್ನಿನ ದುಂಡುಮೇಜಿನ ಪರಿಷತ್ತು, ಅದೇ ಪ್ರವಾಸದಲ್ಲಿ ಲ್ಯಾಂಕಾಷೈರಿನ ಗಿರಣಿ ಕಾರ್ಮಿಕರೊಡನೆ ನಡೆದ ಮಾತುಕತೆ, ಸ್ವಿಟ್ಜರ್‌ಲೆಂಡಿನಲ್ಲಿ ರೊಮಾ ರೋಲಾ ಅವರ ಭೇಟಿ ಇವೆಲ್ಲ ಗತಕಾಲಕ್ಕೆ ಸೇರಿದ್ದವು. ಆ ಗಳಿಗೆಗಳಲ್ಲಿ ಯಾರಾದರೂ ಕ್ಯಾಮೆರಾ ಹಿಡಿದು ನಿಂತಿದ್ದರೆ ಉಂಟು, ಇಲ್ಲದಿದ್ದರೆ ಇಲ್ಲ. ಅಂತಹ ತುಣುಕುಗಳು ಯೂರೋಪು ಅಮೆರಿಕಗಳ ಸುದ್ದಿಚಿತ್ರ ಕಂಪನಿಗಳ ಉಗ್ರಾಣಗಳಲ್ಲಿಯೂ, ದೇಶದ ಒಳಗೆ ಹೊರಗೆ ಅನೇಕರ ಬಳಿಯಲ್ಲಿಯೂ ಬಿದ್ದಿದ್ದವು.

ಚೆಟ್ಟಿಯಾರರು ಹೆಚ್ಚುಕಡಿಮೆ ಮೂರು ವರ್ಷ ಇದಕ್ಕಾಗಿ ಅಲೆದರು. ನಾಲ್ಕು ಖಂಡಗಳಲ್ಲಿ, ಲಕ್ಷದ ಲೆಕ್ಕದಲ್ಲಿ ಹೇಳಬೇಕಾದಷ್ಟು ದೂರ ಪ್ರಯಾಣ ಮಾಡಿದರು. ಕೊನೆಗೆ ಅವರ ಕೈಸೇರಿದ್ದು ಸುಮಾರು 50,000 ಅಡಿ ಫಿಲ್ಮು. ಸುಮಾರು ಮೂವತ್ತು ವರ್ಷಗಳ ಅವಧಿಯಲ್ಲಿ ನೂರರಷ್ಟು ಛಾಯಾಗ್ರಾಹಕರು ತೆಗೆದ ಚಿತ್ರಗಳು ಅದರಲ್ಲಿದ್ದವು. ಗೋಪಾಲಕೃಷ್ಣ ಗೋಖಲೆಯವರು 1912ರಲ್ಲಿ ದಕ್ಷಿಣ ಆಫ್ರಿಕಕ್ಕೆ ಭೇಟಿಯಿತ್ತ ಕಾಲದ ಅಪೂರ್ವ ತುಣುಕೂ ಅವರಿಗೆ ದೊರೆಯಿತು. ಇಲ್ಲದ್ದನ್ನು ತುಂಬಲು ತಾವೇ ಹೊಸದಾಗಿ ಚಿತ್ರೀಕರಣ ಮಾಡಿದರು. ಪ್ಯಾರಿಸ್ಸಿನಲ್ಲಿ ವಿದ್ಯಾಭ್ಯಾಸ ಮಾಡಿ ಬಂದಿದ್ದ, ಭಾರತದ ಸಾಕ್ಷ್ಯಚಿತ್ರ ಛಾಯಾಗ್ರಾಹಕರಲ್ಲಿ ಮೊದಲಿಗರೆನಿಸಿದ ಡಾ. ಪಿ. ವಿ. ಪತಿ ಅವರು ಈ ಕೆಲಸದಲ್ಲಿ ನೆರವಾದರು.

50,000 ಅಡಿ ಎಂದರೆ ಎಷ್ಟೆಂಬುದನ್ನು ಇಲ್ಲಿ ವಿವರಿಸಬೇಕು. ಆಗ ಬಳಕೆಯಲ್ಲಿದ್ದ 35 ಮಿಲಿಮೀಟರ್ ಅಗಲದ ಫಿಲ್ಮಿನ ಒಂದು ಅಡಿಯಲ್ಲಿ 16 ಚಿತ್ರಗಳಿರುತ್ತವೆ. ಮಾತಿನ ಚಿತ್ರಗಳಲ್ಲಿ ಸೆಕೆಂಡಿಗೆ 24 ಚಿತ್ರಗಳು ಓಡುತ್ತವೆ; ಅಂದರೆ ನಿಮಿಷಕ್ಕೆ 90 ಅಡಿ. ಈ ಲೆಕ್ಕದಲ್ಲಿ 50,000 ಅಡಿ ಫಿಲ್ಮನ್ನು ನೋಡಿ ಮುಗಿಸಲು ಒಂಬತ್ತು ಗಂಟೆಗೂ ಮಿಕ್ಕಿದ ಸಮಯ ಬೇಕು. ಮೂಕಿ ಚಿತ್ರಗಳ ಕಾಲದಲ್ಲಿ ಕ್ಯಾಮೆರಾದ ಹಿಡಿಕೆಯನ್ನು ಕೈಯಿಂದ ತಿರುಗಿಸುತ್ತಿದ್ದುದರಿಂದ ಸೆಕೆಂಡಿಗೆ 16ರ ಆಸುಪಾಸಿನಲ್ಲಿ ಚಿತ್ರಗಳು ಮೂಡುತ್ತಿದ್ದವು. ಅವನ್ನು ಮಾತಿನ ಚಿತ್ರದ ವೇಗದಲ್ಲಿ ಓಡಿಸಿದರೆ ಜನ ಓಡುತ್ತಿರುವಂತೆ ಕಾಣುತ್ತದೆ. ಹಳೆಯ ತುಣುಕುಗಳಲ್ಲಿ ಗಾಂಧೀಜಿಯವರು ಅಷ್ಟು ಅವಸರವಾಗಿ ನಡೆಯುವಂತೆ ತೋರಲು ಇದೂ ಒಂದು ಕಾರಣ. ಅವರ ಸಹಜ ನಡಿಗೆಯೇ ಬಿರುಸಿನದು ಎಂಬುದು ಇನ್ನೊಂದು.

ಅಂದಿನ ಫಿಲ್ಮು ನೈಟ್ರೇಟ್ ತಳಹದಿಯದು. ಒಮ್ಮೆ ಬೆಂಕಿ ಹತ್ತಿದರೆ ನೀರು ಸುರಿದರೂ ಆರದಂತಹ ವಸ್ತು. ಅದನ್ನು ಡಬ್ಬಿಗಳಲ್ಲಿ ತುಂಬಿ ಹಡಗು ರೈಲುಗಳಲ್ಲಿ ಸಾಗಿಸುವುದೆಂದರೆ ಸಿಡಿಮದ್ದನ್ನು ಮಡಿಲಲ್ಲಿಟ್ಟುಕೊಂಡಂತೆ. ಅದೂ ಲೋಕವು ಎರಡನೆಯ ಮಹಾಯುದ್ಧದ ಕಡೆಗೆ ಸಾಗುತ್ತಿದ್ದ ದಿನಗಳಲ್ಲಿ.

ಹೀಗೆ ತಂದದ್ದರಲ್ಲಿ ಅವರು ಚಿತ್ರಕ್ಕೆ ಬಳಸಿದ್ದು ಸುಮಾರು 12,000 ಅಡಿ ಮಾತ್ರ. ಆಯ್ದಕ್ಕಿ ಮಾರಯ್ಯನವರು ಅಗತ್ಯಕ್ಕಿಂತ ಹೆಚ್ಚಿನ ಅಕ್ಕಿ ಆಯ್ದು ತಂದಾಗ ಲಕ್ಕಮ್ಮ ತಾಯಿ ಅದನ್ನು ಒಪ್ಪದೆ ಹಿಂದಕ್ಕೆ ಕಳುಹಿಸಿದ ಕಥೆಯನ್ನು ನಾವೆಲ್ಲ ಬಲ್ಲೆವು. ಕಷ್ಟಪಟ್ಟು ಆಯ್ದು ತಂದದ್ದಾದರೂ ಬೇಕಾದಷ್ಟನ್ನೇ ಇಟ್ಟುಕೊಳ್ಳುವ ಸಂಯಮ ದೊಡ್ಡದು.

ದಂಡಿಯ ದಾರಿಯಲ್ಲೊಬ್ಬ ಕನ್ನಡಿಗ

ದಂಡಿ ಯಾತ್ರೆಯ ದೃಶ್ಯಗಳು ಕನ್ನಡಿಗರಾದ ನಮಗೆ ವಿಶೇಷ. 1930ರ ಮಾರ್ಚ್ 12ರಂದು ಸಾಬರಮತಿಯಿಂದ ಗಾಂಧೀಜಿಯವರೊಡನೆ ಹೊರಟ ಸತ್ಯಾಗ್ರಹಿಗಳಲ್ಲಿ ಈಗಿನ ಹಾವೇರಿ ಜಿಲ್ಲೆಯ ಮೋಟೆಬೆನ್ನೂರಿನ ಮೈಲಾರ ಮಹದೇವಪ್ಪನವರೂ ಒಬ್ಬರು. ಆಗ ಅವರಿಗಿನ್ನೂ ಹದಿನೆಂಟು ವರ್ಷ. ಅವರು ಹುಟ್ಟಿದ್ದೂ ಚೆಟ್ಟಿಯಾರರು ಹುಟ್ಟಿದ 1911ರಲ್ಲಿಯೇ. 1943ರ ಏಪ್ರಿಲ್ 1ರಂದು ಹೊಸರಿತ್ತಿಯಲ್ಲಿ ಪೋಲೀಸರ ಗುಂಡಿಗೆ ಎದೆಯೊಡ್ಡಿ, ಇಬ್ಬರು ಸಂಗಡಿಗರೊಡನೆ ಮಹದೇವಪ್ಪನವರು ಹುತಾತ್ಮರಾದರು.

ಇಂದು ಪರದೆಯ ಮೇಲೆ ದಂಡಿಯ ಆ ಧೂಳಿನ ದಾರಿಯನ್ನು, ಕೋಲೂರಿ ಮುಂದೆ ಸಾಗುವ ಮಹಾತ್ಮರನ್ನು, ಹಿಂದೆ ಬರುವ ಬಿಳಿಯುಡುಗೆಯ ಸಾಲನ್ನು ನೋಡುವಾಗ, ಆ ಸಾಲಿನಲ್ಲಿ ನಮ್ಮ ನಾಡಿನ ಹುಡುಗನೊಬ್ಬನೂ ಹೆಜ್ಜೆ ಹಾಕಿದ್ದನೆಂಬುದು ನೆನಪಾಗಿ ಕಣ್ಣು ತೇವಗೊಳ್ಳುತ್ತದೆ. ಯಾತ್ರೆಯ ಚಿತ್ರಗಳನ್ನು ಅಂದಿನ ಸರಕಾರ ನಿಷೇಧಿಸಿತ್ತು. ಆದರೂ ಅವು ಉಳಿದವು. ಕ್ಯಾಮೆರಾ ತಿರುಗಿಸಿದವರ ಹೆಸರು ನಮಗೆ ತಿಳಿಯದು. ಆದರೆ ಅವರು ಅಂದು ಆ ದಾರಿಯ ಬದಿಯಲ್ಲಿ ನಿಲ್ಲದಿದ್ದರೆ ಈ ಸಾಲು ಕಾಗದದ ಮೇಲಿನ ಹೆಸರುಗಳ ಪಟ್ಟಿಯಾಗಿ ಮಾತ್ರ ಉಳಿಯುತ್ತಿತ್ತು.

ತೆರೆಗೆ ಬಂದದ್ದು, ಮರೆಗೆ ಸರಿದದ್ದು

ಚೆಟ್ಟಿಯಾರರ ಚಿತ್ರವು ತಮಿಳು ವಿವರಣೆಯೊಡನೆ 1940ರ ಆಗಸ್ಟ್ 23ರಂದು ಮದರಾಸಿನ ರಾಕ್ಸಿ ಚಿತ್ರಮಂದಿರದಲ್ಲಿ ಬಿಡುಗಡೆಯಾಯಿತು. ಅನಂತರ ತೆಲುಗು ವಿವರಣೆಯ ಚಿತ್ರವೂ ಬಂದಿತು. ದೂರದ ಸೇವಾಗ್ರಾಮಕ್ಕೆ ಹೋಗಲಾರದ ಜನ ತಮ್ಮ ಊರಿನ ಚಿತ್ರಮಂದಿರದಲ್ಲಿಯೇ ಬಾಪೂ ಅವರನ್ನು ಕಂಡರು. ಆದರೆ ಅದು ಯುದ್ಧದ ಕಾಲ. ಸರಕಾರದ ಕಣ್ಣು ಎಲ್ಲೆಡೆಯೂ ಇತ್ತು. ಚಿತ್ರವನ್ನು ಮುಟ್ಟುಗೋಲು ಹಾಕಿಕೊಂಡಾರೆಂಬ ಭಯದಿಂದ ಪ್ರತಿಗಳನ್ನು ಮರೆಮಾಡಿ ಇಡಬೇಕಾಯಿತು.

ಮುಂದೆ 1947ರ ಆಗಸ್ಟ್‌ನಲ್ಲಿ, ಸ್ವಾತಂತ್ರ್ಯೋದಯದ ಸಂದರ್ಭದಲ್ಲಿ ಹಿಂದಿ ವಿವರಣೆಯೊಡನೆ ದೆಹಲಿಯಲ್ಲಿ ಚಿತ್ರದ ಪ್ರದರ್ಶನ ನಡೆಯಿತು. ರಾಜಧಾನಿಯಲ್ಲಿ ಪರದೆಯ ಮೇಲೆ ಗಾಂಧೀಜಿಯವರು ನಡೆಯುತ್ತಿದ್ದ ಆ ದಿನಗಳಲ್ಲಿ ಸ್ವತಃ ಗಾಂಧೀಜಿಯವರು ಅಲ್ಲಿರಲಿಲ್ಲ. ಕೋಮು ಗಲಭೆಯಿಂದ ಬೆಂದಿದ್ದ ಕಲ್ಕತ್ತೆಯ ಒಂದು ಪಾಳುಬಿದ್ದ ಮನೆಯಲ್ಲಿ ತಂಗಿ, ಆಗಸ್ಟ್ 15ನ್ನು ಉಪವಾಸದಲ್ಲಿ, ನೂಲುವುದರಲ್ಲಿ, ಪ್ರಾರ್ಥನೆಯಲ್ಲಿ ಕಳೆದರು.

1953ರಲ್ಲಿ ಅಮೆರಿಕದಲ್ಲಿ ಇದರ ಇಂಗ್ಲಿಷ್ ಆವೃತ್ತಿ ಸಿದ್ಧವಾಗಿ, ಪತ್ರಕರ್ತ ಕ್ವೆಂಟಿನ್ ರೆನಾಲ್ಡ್ಸ್ ಅವರ ಧ್ವನಿಯಲ್ಲಿ ವಿವರಣೆಯನ್ನು ಹೊಂದಿ ತೆರೆಕಂಡಿತು. ಆ ಬಳಿಕ ಚಿತ್ರದ ಸುಳಿವೇ ಇಲ್ಲವಾಯಿತು. 1968ರಲ್ಲಿ ವಿಠಲಭಾಯಿ ಝವೇರಿಯವರು ಗಾಂಧಿ ಸ್ಮಾರಕ ನಿಧಿಯ ಆಶ್ರಯದಲ್ಲಿ ಐದು ಗಂಟೆಗೂ ಮಿಕ್ಕಿದ ಬೃಹತ್ ಸಾಕ್ಷ್ಯಚಿತ್ರವನ್ನು ರಚಿಸಿದರು. 1982ರಲ್ಲಿ ರಿಚರ್ಡ್ ಆಟನ್‌ಬರೋ ಅವರ ಕಥಾಚಿತ್ರವು ಲೋಕವನ್ನೆಲ್ಲ ಸುತ್ತಿತು. ಆದರೆ ಇವೆಲ್ಲಕ್ಕೂ ಮೊದಲೇ ಒಬ್ಬ ತರುಣ ಏಕಾಂಗಿಯಾಗಿ ಹೊರಟು ಮಾಡಿ ಮುಗಿಸಿದ ಕೆಲಸವನ್ನು ನೋಡೋಣವೆಂದರೆ ಪ್ರತಿಯೇ ಇರಲಿಲ್ಲ.

ಪ್ರತಿಗಾಗಿ ವರ್ಷಗಟ್ಟಲೆ ಹುಡುಕಿದವರು ತಮಿಳಿನ ಇತಿಹಾಸಕಾರ ಎ. ಆರ್. ವೆಂಕಟಾಚಲಪತಿಯವರು. ಚಿತ್ರ ತಯಾರಾದ ಕಥೆಯನ್ನು ಚೆಟ್ಟಿಯಾರರು ಬರೆದಿದ್ದ ಲೇಖನಗಳನ್ನು ಅವರೇ ಸಂಪಾದಿಸಿ ಪ್ರಕಟಿಸಿದರು. ಈ ಶತಮಾನದ ಮೊದಲ ದಶಕದಲ್ಲಿ ಅವರ ಶೋಧ ಫಲಿಸಿತು. ಅಮೆರಿಕದ ಸ್ಯಾನ್ ಫ್ರಾನ್ಸಿಸ್ಕೋ ಸ್ಟೇಟ್ ವಿಶ್ವವಿದ್ಯಾಲಯದಲ್ಲಿ ಒಂದು ಪ್ರತಿ ಇರುವುದು ಪತ್ತೆಯಾಯಿತು. ಸಿಕ್ಕಿದ್ದು ಮೂಲ ತಮಿಳು ಚಿತ್ರವಲ್ಲ, ಮೊಟಕಾಗಿದ್ದ ಇಂಗ್ಲಿಷ್ ಆವೃತ್ತಿ. ಆದರೂ ಬೂದಿಯಲ್ಲಿ ಕೆಂಡ ಸಿಕ್ಕಂತಾಯಿತು. ನಾಲ್ಕು ಖಂಡ ಅಲೆದು ತುಣುಕುಗಳನ್ನು ಕೂಡಿಸಿದವರ ಚಿತ್ರವನ್ನೇ ಮತ್ತೊಬ್ಬರು ಕಡಲಾಚೆಯಿಂದ ಹುಡುಕಿ ತರಬೇಕಾಯಿತು.

ಕ್ಯಾಮೆರಾದಿಂದ ಲೇಖನಿಗೆ

ಗಾಂಧೀ ಚಿತ್ರದ ಅನಂತರ ಚೆಟ್ಟಿಯಾರರು ದೊಡ್ಡ ಚಿತ್ರ ನಿರ್ಮಾಪಕರಾಗಿ ಮೆರೆಯಬಹುದಾಗಿತ್ತು. ಅವರು ಆ ದಾರಿ ಹಿಡಿಯಲಿಲ್ಲ. 1943ರಲ್ಲಿ ‘ಕುಮರಿ ಮಲರ್’ ಎಂಬ ಮಾಸಪತ್ರಿಕೆಯನ್ನು ಆರಂಭಿಸಿ, 1983ರಲ್ಲಿ ತೀರಿಕೊಳ್ಳುವವರೆಗೆ, ನಾಲ್ಕು ದಶಕಗಳ ಕಾಲ ಅದನ್ನು ನಡೆಸಿದರು. ಅಲ್ಲಿಯೂ ಅವರ ಕೈ ಹಳೆಯ ಅಭ್ಯಾಸವನ್ನು ಬಿಡಲಿಲ್ಲ. ಮರೆತುಹೋಗಿದ್ದ ಹಳೆಯ ಪತ್ರಿಕೆಗಳಿಂದ ಒಳ್ಳೆಯ ಬರಹಗಳನ್ನು ಹುಡುಕಿ ತೆಗೆದು ಮತ್ತೆ ಅಚ್ಚು ಹಾಕುತ್ತಿದ್ದರು. ಲೋಕ ಸಂಚಾರದ ಅನುಭವಗಳನ್ನು ಸರಳ ತಮಿಳಿನಲ್ಲಿ ಬರೆದುದರಿಂದ ‘ಲೋಕ ಸುತ್ತಿದ ತಮಿಳ’ ಎಂಬ ಹೆಸರು ಅವರಿಗೆ ಬಂದಿತು. ನಮ್ಮ ಕೊಡಗನ್ನು ಕುರಿತೂ ಅವರ ಒಂದು ಪ್ರವಾಸಗ್ರಂಥವಿದೆ.

ಅವರ ಇಡೀ ಬದುಕನ್ನು ಒಟ್ಟಾಗಿ ನೋಡಿದರೆ ಕ್ಯಾಮೆರಾದ ಕೆಲಸವೂ ಪತ್ರಿಕೆಯ ಕೆಲಸವೂ ಬೇರೆಬೇರೆಯಾಗಿ ಕಾಣವು. ಚದುರಿದ್ದನ್ನು ಕೂಡಿಸುವುದು, ಅಳಿಯುವುದನ್ನು ಉಳಿಸುವುದು, ಉಳಿಸಿದ್ದನ್ನು ಎಲ್ಲರಿಗೂ ಹಂಚುವುದು, ಇದೇ ಅವರ ಕಾಯಕವಾಗಿತ್ತು. ಹಂಚುವುದಾದರೆ ಅದೇ ದಾಸೋಹ.

ನಮ್ಮ ಹಳಕಟ್ಟಿಯವರ ನೆನಪು

ಈ ಕಥೆಯನ್ನು ಓದುವ ಶರಣ ಬಂಧುಗಳಿಗೆ ಡಾ. ಫ. ಗು. ಹಳಕಟ್ಟಿಯವರ ನೆನಪು ಬಾರದಿರದು. ಕಲ್ಯಾಣದ ಕ್ರಾಂತಿಯ ಅನಂತರ ಚದುರಿಹೋದ ವಚನಗಳು ಮಠಗಳ ಮೂಲೆಗಳಲ್ಲಿ, ಭಕ್ತರ ಮನೆಗಳ ಜಗಲಿಗಳ ಮೇಲೆ ತಾಳೆಗರಿಯ ಕಟ್ಟುಗಳಾಗಿ ಕುಳಿತಿದ್ದವು. ಅನೇಕ ಕಡೆ ಅವಕ್ಕೆ ಪೂಜೆ ಸಲ್ಲುತ್ತಿತ್ತು, ಓದುವವರು ಇರಲಿಲ್ಲ. ವಿಜಾಪುರದಲ್ಲಿ ವಕೀಲರಾಗಿದ್ದ ಹಳಕಟ್ಟಿಯವರು ಮನೆಮನೆ ತಿರುಗಿ ಆ ಗರಿಗಳನ್ನು ಕೂಡಿಸಿದರು. 1923ರಲ್ಲಿ ‘ವಚನಶಾಸ್ತ್ರ ಸಾರ’ದ ಮೊದಲ ಭಾಗವನ್ನು ಹೊರತಂದರು. ಮುದ್ರಣಾಲಯಕ್ಕಾಗಿ ಇದ್ದ ಮನೆಯನ್ನೇ ಮಾರಿದರು. 1926ರಲ್ಲಿ ‘ಶಿವಾನುಭವ’ ಪತ್ರಿಕೆಯನ್ನು ಆರಂಭಿಸಿದರು. ಅವರು ಅಂದು ಮನೆಮನೆಯ ಬಾಗಿಲು ತಟ್ಟದಿದ್ದರೆ ಇಂದು ನಾವು ದಿನಬೆಳಗಾದರೆ ಪಠಿಸುವ ಎಷ್ಟೋ ವಚನಗಳು ಗೆದ್ದಲಿನ ಪಾಲಾಗುತ್ತಿದ್ದವು.

ಒಬ್ಬರು ತಾಳೆಗರಿಯನ್ನು ಅರಸಿದರು, ಇನ್ನೊಬ್ಬರು ಫಿಲ್ಮಿನ ಸುರುಳಿಯನ್ನು. ಇಬ್ಬರೂ ಮಹಾಪುರುಷರ ನುಡಿಗೋ ನಡೆಗೋ ತಮ್ಮ ಮಾತನ್ನು ಬೆರೆಸಲಿಲ್ಲ; ಇದ್ದದ್ದನ್ನು ಇದ್ದಂತೆ ಮುಂದಿನ ಪೀಳಿಗೆಗೆ ಮುಟ್ಟಿಸಿದರು. ಆದರೆ ಗರಿಗಿಂತ ಫಿಲ್ಮಿನ ಆಯುಷ್ಯ ಕಡಿಮೆ. ತಾಳೆಗರಿ ಮುನ್ನೂರು ನಾನೂರು ವರ್ಷ ಬಾಳಬಲ್ಲದು. 1934ರಲ್ಲಿ ತೆರೆಕಂಡ ಕನ್ನಡದ ಮೊದಲ ವಾಕ್ಚಿತ್ರ ‘ಸತಿ ಸುಲೋಚನಾ’ದ ಒಂದು ಪ್ರತಿಯೂ ನಮಗೆ ಉಳಿಯಲಿಲ್ಲ. ನಮ್ಮ ದೇಶದ ಮೂಕಿ ಚಿತ್ರಗಳಲ್ಲಿ ಬಹುಪಾಲು ಬೆಂಕಿಗೆ, ತೇವಕ್ಕೆ ಬಲಿಯಾದವು. ಫಿಲ್ಮಿನಲ್ಲಿರುವ ಬೆಳ್ಳಿಯ ಆಸೆಗೆ ಹಳೆಯ ಸುರುಳಿಗಳನ್ನು ಕರಗಿಸಿದ್ದೂ ಉಂಟು. 2003ರ ಜನವರಿಯಲ್ಲಿ ಪುಣೆಯಲ್ಲಿ ಸಂಭವಿಸಿದ ಬೆಂಕಿಯಲ್ಲಿ ರಾಷ್ಟ್ರೀಯ ಚಲನಚಿತ್ರ ಸಂಗ್ರಹಾಲಯದ ನೈಟ್ರೇಟ್ ಫಿಲ್ಮುಗಳು ಸುಟ್ಟುಹೋದುದು ಕಾಪಾಡುವವರ ಕೈಯಲ್ಲಿದ್ದೂ ಕಳೆದುಹೋಗಬಹುದೆಂಬುದಕ್ಕೆ ಸಾಕ್ಷಿ.

ನಮ್ಮ ಮನೆಗಳ ಪೆಟ್ಟಿಗೆಗಳು

ಇದರಿಂದ ನಾವು ಕಲಿಯಬೇಕಾದ ಪಾಠ ದೊಡ್ಡ ಸಂಸ್ಥೆಗಳಿಗೆ ಮಾತ್ರ ಸೇರಿದ್ದಲ್ಲ. ನಮ್ಮ ಮನೆಗಳ ಅಟ್ಟದ ಮೇಲೆ, ಕಬ್ಬಿಣದ ಟ್ರಂಕುಗಳಲ್ಲಿ, ಅಜ್ಜಂದಿರ ಕಾಲದ ಛಾಯಾಚಿತ್ರಗಳಿವೆ. ಮಠದ ಜಾತ್ರೆ, ಶಿವಾನುಭವ ಗೋಷ್ಠಿ, ಪೂಜ್ಯರ ಪಾದಪೂಜೆ, ಮಕ್ಕಳ ಲಿಂಗದೀಕ್ಷೆ, ಮದುವೆಗಳ ವಿಡಿಯೋ ಕ್ಯಾಸೆಟ್ಟುಗಳಿವೆ. ಅವುಗಳಲ್ಲಿ ಈಗ ಲಿಂಗೈಕ್ಯರಾಗಿರುವ ಎಷ್ಟೋ ಹಿರಿಯರ ನಡೆಯೂ ನುಡಿಯೂ ಸೆರೆಯಾಗಿವೆ. ಆ ಕ್ಯಾಸೆಟ್ಟುಗಳ ಕಾಂತೀಯ ಲೇಪ ವರ್ಷವರ್ಷಕ್ಕೆ ಕ್ಷಯಿಸುತ್ತದೆ. ಅವನ್ನು ಓಡಿಸುವ ಯಂತ್ರಗಳೂ ವಿರಳವಾಗಿವೆ. ಹಳೆಯ ಫಿಲ್ಮಿನ ಡಬ್ಬಿ ತೆರೆದಾಗ ಹುಳಿ ವಾಸನೆ ಬಂದರೆ ಅದು ಕೆಡಲು ಆರಂಭಿಸಿದೆ ಎಂದರ್ಥ. ಅಂತಹುದನ್ನು ತಡಮಾಡದೆ ಬಲ್ಲವರಿಗೆ ಕೊಟ್ಟು ಹೊಸ ಪ್ರತಿ ಮಾಡಿಸಬೇಕು. ದೀಪದ ಹೊಗೆ ತಾಗುವ ಗೂಡಿನಲ್ಲಾಗಲಿ ಬಿಸಿಲು ಕಾಯುವ ತಗಡಿನ ಮಾಡಿನ ಕೆಳಗಾಗಲಿ ಇವನ್ನು ಇಡಬಾರದು. ತಂಪಾದ, ಒಣಗಿದ ಜಾಗ ಬೇಕು. ಎಲ್ಲಕ್ಕಿಂತ ಮುಖ್ಯವಾಗಿ, ಚಿತ್ರದ ಹಿಂಬದಿಯಲ್ಲಿ ಮೆಲ್ಲಗೆ ಸೀಸದ ಕಡ್ಡಿಯಿಂದ ಅದರಲ್ಲಿರುವವರ ಹೆಸರು, ಊರು, ವರ್ಷ ಬರೆದಿಡಬೇಕು. ಗುರುತು ಹೇಳಬಲ್ಲ ಹಿರಿಯರು ಮನೆಯಲ್ಲಿರುವಾಗಲೇ ಈ ಕೆಲಸ ಆಗಬೇಕು.

ಈ ಕೆಲಸಕ್ಕೆ ಚೆಟ್ಟಿಯಾರರಂತೆ ನಾಲ್ಕು ಖಂಡ ಸುತ್ತಬೇಕಾಗಿಲ್ಲ. ಒಂದು ರವಿವಾರದ ಮಧ್ಯಾಹ್ನ ಮನೆಮಂದಿಯೆಲ್ಲ ಕುಳಿತು ಆ ಟ್ರಂಕನ್ನು ತೆರೆದರೆ ಸಾಕು. ಅಜ್ಜಿಯ ಪಕ್ಕದಲ್ಲಿ ಮೊಮ್ಮಗಳು ಕುಳಿತು ಒಂದೊಂದೇ ಚಿತ್ರವನ್ನು ಎತ್ತಿ ತೋರಿಸಲಿ. ಅಜ್ಜಿ ಹೆಸರು ಹೇಳಲಿ, ಮೊಮ್ಮಗಳು ಬರೆದುಕೊಳ್ಳಲಿ. ‘ಅಜ್ಜ ಹೇಗೆ ನಡೆಯುತ್ತಿದ್ದರು?’ ಎಂಬ ಪ್ರಶ್ನೆಗೆ ಆ ಮನೆಯಲ್ಲಾದರೂ ಉತ್ತರ ಉಳಿದೀತು.